ಸಕ್ಕರೆ ಕಾಯಿಲೆಯವರಿಗೆ ಕೆಲಸ ಕೊಡಬಾರದೇ?

ಮಾನ್ಯರೇ,

ಪೀಣ್ಯದ ಕಾರ್ಖಾನೆಗಳಲ್ಲಿ 18 ವರ್ಷ ಲೆಕ್ಕ ಬರೆದವಳು ನಾನು. ಕಳೆದ ತಿಂಗಳು ಒಂದು ಕಂಪನಿಯಲ್ಲಿ ಸಂದರ್ಶನ ಮುಗಿದು ಸಂಬಳವೂ ಮಾತಾಗಿತ್ತು. ರಕ್ತಪರೀಕ್ಷೆಯ ವರದಿಯಲ್ಲಿ ಸಕ್ಕರೆ ಪ್ರಮಾಣ ಕಂಡದ್ದೇ ತಡ, ಎಚ್‌ಆರ್‌ನವರು ಆ ಸಾಲಿನ ಕೆಳಗೆ ಪೆನ್ಸಿಲ್‌ನಿಂದ ಗೆರೆ ಎಳೆದು, ‘ಮೇಡಂ, ನಮ್ಮ ಗ್ರೂಪ್ ಇನ್ಶೂರೆನ್ಸ್ ಪ್ರೀಮಿಯಂ ಈಗಲೇ ಜಾಸ್ತಿ’ ಅಂದರು. ಮತ್ತೆ ಫೋನ್ ಬರಲಿಲ್ಲ.

ವಿಮಾ ಕಂಪನಿಯವರು ಗುಂಪು ವಿಮೆ ನವೀಕರಿಸುವಾಗ ನೌಕರರ ವಯಸ್ಸು, ಹಿಂದಿನ ಕ್ಲೇಮುಗಳನ್ನು ನೋಡಿಯೇ ಪ್ರೀಮಿಯಂ ಕಟ್ಟಿಸಿಕೊಳ್ಳುತ್ತಾರೆ. ಹಾಗಾಗಿ ಕಾಯಿಲೆಯವರು ಮಾಲೀಕರ ಕಣ್ಣಿಗೆ ಬರೀ ಖರ್ಚು. ಸರ್ಕಾರದ ಕಾರ್ಮಿಕರ ವಿಮಾ ಯೋಜನೆಯಾದ ಇಎಸ್‌ಐನಲ್ಲಿ ಹಾಗಲ್ಲ. ಯಾರೇ ಆಗಲಿ, ಮಾಲೀಕರ ವಂತಿಗೆ ಸಂಬಳದ ಶೇ 3.25, ನೌಕರರದು ಶೇ 0.75. ಅಲ್ಲಿ ಸರದಿ ಉದ್ದ ನಿಜ, ಆದರೆ ನನ್ನ ಇನ್ಸುಲಿನ್ ಸಿಗುತ್ತಿತ್ತು. ತಿಂಗಳ ಸಂಬಳ ಇಎಸ್‌ಐ ಮಿತಿಯಾದ ₹21,000 ದಾಟಿದ್ದಕ್ಕೆ ಅದೂ ಹೋಯಿತು. ದುಡಿದು ಪಡೆದ ಬಡ್ತಿಯೇ ನನಗೆ ಮುಳುವಾಯಿತು.

ಎಚ್‌ಐವಿ ಇರುವವರಿಗೆ ಉದ್ಯೋಗದಲ್ಲಿ ತಾರತಮ್ಯ ಮಾಡಬಾರದೆಂದು 2017ರ ಕಾಯ್ದೆ ಹೇಳುತ್ತದೆ. ಸಕ್ಕರೆ ಕಾಯಿಲೆಯವರಿಗೆ, ಕ್ಯಾನ್ಸರ್‌ನಿಂದ ಗುಣವಾದವರಿಗೆ ಅಂಥದ್ದೇ ರಕ್ಷಣೆ ಯಾಕಿಲ್ಲ? ಕಾರ್ಮಿಕ ಸಚಿವರು ಉತ್ತರಿಸಲಿ.

– ಒಬ್ಬ ಲೆಕ್ಕಪತ್ರ ಸಹಾಯಕಿ, ದಾಸರಹಳ್ಳಿ, ಬೆಂಗಳೂರು