ಅಪ್ಪಯ್ಯನಿಗೆ, ಪೋಲೆಂಡಿನ ವುಚ್‌ ಊರಿನಿಂದ

ತೀರ್ಥರೂಪ ಅಪ್ಪಯ್ಯನಿಗೆ ಸಾಷ್ಟಾಂಗ ನಮಸ್ಕಾರಗಳು. ನಾನು ಕ್ಷೇಮ. ಅಮ್ಮನಿಗೂ ಹೇಳಿ.

ಅಕ್ಕ ಫೋನ್ ಮಾಡಿದ್ದಳು. ಬೈಪಾಸ್ ಬೇಡ ಅಂತ ಕೂತಿದ್ದೀರಂತೆ. ಕಾರಣ ಕೇಳಿ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಮಗನಿಗೆ ಸಿನಿಮಾ ಹುಚ್ಚು ಹಿಡಿಸಿದವನು ಯಾರು ಅಂತ ಮೊಬೈಲಿನಲ್ಲಿ ಹುಡುಕಿದಿರಿ. ಇಲ್ಲಿನ ಸಿನಿಮಾ ನಿರ್ದೇಶಕ ಕಿಶ್ಲೋವ್‌ಸ್ಕಿ 54ನೇ ವಯಸ್ಸಿಗೆ ಹೃದಯದ ಆಪರೇಷನ್ ಆಗಿ ತೀರಿಕೊಂಡ ಅಂತ ಓದಿದಿರಿ. ಅಲ್ಲಿಗೇ ಮೊಬೈಲ್ ಕೆಳಗಿಟ್ಟಿರಿ. ಹೌದು, ಸತ್ತದ್ದು ಹಾಗೆಯೇ. ಆದರೆ ಅದು 1996ರ ಮಾತು. ಆತ ಸಿಗರೇಟಿನ ಮೇಲೆ ಸಿಗರೇಟು ಸೇದುತ್ತಿದ್ದವ. ನಿಮ್ಮದು ಬರೀ ಕವಳ, ಅದರಲ್ಲೂ ಹೊಗೆಸೊಪ್ಪು ಬಿಟ್ಟಿದ್ದೀರಿ (ಅಮ್ಮ ಹೇಳಿದ್ದನ್ನು ನಂಬಿದ್ದೇನೆ). ಜಯದೇವದಲ್ಲಿ ಇದು ದಿನಾ ನಡೆಯುವ ಕೆಲಸ. ಏನೂ ಆಗುವುದಿಲ್ಲ. ಖಂಡಿತ ಏನೂ ಆಗುವುದಿಲ್ಲ.

ಸಾಯುವ ಮುಂಚೆ ಆತ ಮಾಡಿದ್ದನ್ನೂ ಓದಬೇಕಿತ್ತು. ಇಲ್ಲಿನ ಫಿಲ್ಮ್ ಸ್ಕೂಲಿನ ಪ್ರವೇಶ ಪರೀಕ್ಷೆಯಲ್ಲಿ ನಾನು ಒಮ್ಮೆ ಫೇಲಾಗಿದ್ದಕ್ಕೆ ಊರೆಲ್ಲ ಆಡಿಕೊಂಡಿತಲ್ಲ, ಆತ ಇದೇ ಶಾಲೆಗೆ ಎರಡು ಸಲ ಫೇಲು. ಅದಕ್ಕೂ ಮುಂಚೆ ಬೆಂಕಿ ಆರಿಸುವವರ ತರಬೇತಿಗೆ ಸೇರಿ ಮೂರೇ ತಿಂಗಳಲ್ಲಿ ಬಿಟ್ಟುಬಂದಿದ್ದ. ಸರ್ಕಾರದ ದುಡ್ಡಿನಲ್ಲೇ ಸಿನಿಮಾ ಮಾಡಿ ಸರ್ಕಾರದ ಮಾತು ಕೇಳದವನು. 1980ರಲ್ಲಿ ವಾರ್ಸಾ ರೈಲ್ವೆ ಸ್ಟೇಷನ್ನಿನಲ್ಲಿ ಡಾಕ್ಯುಮೆಂಟರಿ ತೆಗೆಯುತ್ತಿದ್ದಾಗ ಪೊಲೀಸರು ರೀಲು ಎತ್ತಿಕೊಂಡು ಹೋದರು. ತಾಯಿಯನ್ನು ಕೊಂದ ಹುಡುಗಿಯೊಬ್ಬಳು ಹೆಣವನ್ನು ಅಲ್ಲಿನ ಲಾಕರಿನಲ್ಲಿ ಇಟ್ಟಿದ್ದಳಂತೆ. ರೀಲಿನಲ್ಲಿ ಸಿಕ್ಕಾಳೇ ಅಂತ ಹುಡುಕಾಟ. ಸಿಗಲಿಲ್ಲ. ಸಿಕ್ಕಿದ್ದರೆ ತಾನು ಪೊಲೀಸರ ಕೈಗೊಂಬೆಯಾಗುತ್ತಿದ್ದೆನಲ್ಲ ಅನ್ನಿಸಿ, ಈತ ಡಾಕ್ಯುಮೆಂಟರಿಯಿಂದ ದೂರ ಸರಿದು ಕಥಾಚಿತ್ರಗಳತ್ತ ವಾಲಿದ.

ಕೊನೆಗಾಲದ ‘ನೀಲಿ’ ಚಿತ್ರದಲ್ಲಿ ಗಂಡ, ಮಗಳು ಇಬ್ಬರನ್ನೂ ಕಳೆದುಕೊಂಡ ಹೆಂಗಸು ಸಕ್ಕರೆ ಅಚ್ಚಿನ ತುದಿಯನ್ನು ಕಾಫಿಗೆ ತಾಗಿಸುತ್ತಾಳೆ. ಕಾಫಿ ಮೇಲೇರುತ್ತದೆ. ಅಷ್ಟೇ. ಲೋಕದ ಗೊಡವೆಯೇ ಬೇಡವಾದವಳಿಗೆ ಅದೊಂದೇ ಕಾಣುತ್ತಿದೆ. ಆ ಶಾಟಿಗೆ ಸುಮಾರು ಐದು ಸೆಕೆಂಡಿನಲ್ಲಿ ನೆನೆಯುವ ಸಕ್ಕರೆಯೇ ಆಗಬೇಕು ಅಂತ ಸಹಾಯಕನ ಕೈಯಲ್ಲಿ ಅರ್ಧ ದಿನ ಪರೀಕ್ಷೆ ಮಾಡಿಸಿದ್ದ. ನೀವು ಅಡಿಕೆ ಆರಿಸಲು ಕೂತ ಹಾಗೆ. ನಿಮಗೆ ಅರ್ಥವಾಗುತ್ತದೆ ಅಂತಲೇ ಬರೆದೆ.

1981ರಲ್ಲಿ ಮಾಡಿದ, ಸರ್ಕಾರ 1987ರವರೆಗೆ ಬಿಡುಗಡೆಗೇ ಬಿಡದ ಒಂದು ಚಿತ್ರವಿದೆ. ಒಬ್ಬ ರೈಲು ಹಿಡಿಯಲು ಓಡುತ್ತಾನೆ. ಸಿಕ್ಕಿದರೆ ಒಂದು ಬದುಕು, ತಪ್ಪಿದರೆ ಇನ್ನೊಂದು. ಹೀಗೆ ಮೂರು ಸಲ. ಡಾಕ್ಟರು ಕೊಟ್ಟ ತಾರೀಖು ಅಂಥದ್ದೇ, ಅಪ್ಪಯ್ಯ. ಕೊನೆಕೊಯ್ಲು ಮುಗಿಯಲಿ ಅನ್ನಬೇಡಿ, ತೋಟ ಭಾವ ನೋಡಿಕೊಳ್ಳುತ್ತಾರೆ. ಆ ಚಿತ್ರದ ಕೊನೆ ಏನು ಅಂತ ಮಾತ್ರ ಮತ್ತೆ ಮೊಬೈಲಿನಲ್ಲಿ ಹುಡುಕಬೇಡಿ.

ದುಡ್ಡಿನ ಚಿಂತೆ ಬೇಡ. ಸಂಜೆ ಹೋಟೆಲಿನಲ್ಲಿ ಕೆಲಸವಿದೆ, ಪಾತ್ರೆ ತೊಳೆಯುವುದಲ್ಲ. ಹೆಚ್ಚಾಗಿ ಅಲ್ಲ. ಚಳಿಗೆ ಒಳ್ಳೆ ಕೋಟು ತಗೊಂಡಿದ್ದೇನೆ. ಅಂದಹಾಗೆ ವುಚ್ ಅಂದರೆ ದೋಣಿಯಂತೆ; ಹೊಳೆಗಳನ್ನೆಲ್ಲ ನೆಲದಡಿಗೆ ಹಾಕಿಬಿಟ್ಟಿದ್ದಾರೆ, ದೋಣಿ ಬಿಡಲು ನೀರೇ ಕಾಣದು! ಅಮ್ಮನಿಗೆ ಹೇಳಿ, ನಗುತ್ತಾಳೆ.

ಟ್ರಾಮ್ ಬಂತು. ಅಡ್ಮಿಟ್ ಆಗುವ ದಿನ ಅಕ್ಕನಿಂದ ಫೋನ್ ಮಾಡಿಸಿ, ಎಷ್ಟೇ ರಾತ್ರಿಯಾಗಲಿ.

ನಿಮ್ಮ ಮಗ