ಕುದಿಸಿದರೆ ಫ್ಲೋರೈಡ್ ಹೋಗದು

ಮಾನ್ಯ ಸಂಪಾದಕರೇ,

ಬೋರಿನ ನೀರನ್ನು ಚೆನ್ನಾಗಿ ಕುದಿಸಿ ಆರಿಸಿ ಕುಡಿದರೆ ಹಲ್ಲು ಕಂದಾಗುವುದಿಲ್ಲ, ಮೊಣಕಾಲು ಹಿಡಿಯುವುದಿಲ್ಲ ಎಂಬ ನಂಬಿಕೆ ಗದಗ ಜಿಲ್ಲೆಯಲ್ಲಿ, ಅದರಲ್ಲೂ ಮುಂಡರಗಿ ಭಾಗದ ಹಳ್ಳಿಗಳಲ್ಲಿ ಇನ್ನೂ ಗಟ್ಟಿಯಾಗಿದೆ. ಕುದಿಸಿದರೆ ಸಾಯುವುದು ರೋಗಾಣು. ಹಲ್ಲು, ಕೀಲು ಕೆಡಿಸುವ ಫ್ಲೋರೈಡ್ ನೆಲದಾಳದ ಕಲ್ಲಿನಿಂದ ಕರಗಿ ಬಂದದ್ದು, ಆವಿಯ ಜೊತೆ ಹೋಗುವುದಿಲ್ಲ. ಲೀಟರಿಗೆ 2 ಮಿಲಿಗ್ರಾಂ ಇರುವ 10 ಲೀಟರ್ ನೀರು ಕುದ್ದು 8 ಲೀಟರಿಗೆ ಇಳಿದರೆ ಪ್ರಮಾಣ 2.5ಕ್ಕೆ ಏರುತ್ತದೆ. ಭಾರತೀಯ ಮಾನಕದ ಮಿತಿ 1 ಮಿಲಿಗ್ರಾಂ. ಬೇರೆ ನೀರೇ ಸಿಗದ ಕಡೆ ಮಾತ್ರ 1.5.

ಬಟ್ಟೆಯಲ್ಲಿ ಸೋಸಿದರೂ ತಾಮ್ರದ ಕೊಡದಲ್ಲಿಟ್ಟರೂ ಅದು ಕಡಿಮೆಯಾಗದು. ‘ನಮ್ಮ ಬೋರಿನದು ಸಿಹಿನೀರು’ ಎಂಬ ಸಮಾಧಾನವೂ ಬೇಡ, ಈ ಪ್ರಮಾಣದಲ್ಲಿ ಫ್ಲೋರೈಡ್ ನಾಲಿಗೆಗೆ ಗೊತ್ತಾಗುವುದಿಲ್ಲ. ಟಿಡಿಎಸ್ ಮೀಟರ್ ತೋರಿಸುವುದು ಎಲ್ಲ ಲವಣಗಳ ಒಟ್ಟು ಅಂದಾಜನ್ನು, ಫ್ಲೋರೈಡನ್ನಲ್ಲ.

ಹೆಚ್ಚಿನವರು ಎಡವುವುದು ಅಡುಗೆಮನೆಯಲ್ಲಿ. ಕುಡಿಯಲು ಶುದ್ಧ ನೀರಿನ ಘಟಕದ ಕ್ಯಾನು, ಅನ್ನ, ಬೇಳೆ, ಚಹಾ, ರೊಟ್ಟಿ ಹಿಟ್ಟಿನ ಎಸರಿಗೆ ಬೋರಿನ ನೀರು. ಅಕ್ಕಿ, ಹಿಟ್ಟು ಹೀರಿದ ನೀರಿನಲ್ಲಿದ್ದ ಫ್ಲೋರೈಡ್ ಅಷ್ಟೂ ಊಟದ ತಾಟಿಗೇ ಬರುತ್ತದೆ. ಚಹಾಪುಡಿಯಲ್ಲೂ ಫ್ಲೋರೈಡ್ ಇದೆ ಎಂಬುದನ್ನು ಮರೆಯಬಾರದು. ಸ್ನಾನಕ್ಕೆ, ಬಟ್ಟೆಗೆ, ಪಾತ್ರೆಗೆ ಬೋರಿನ ನೀರೇ ಸಾಕು. ಘಟಕದ ನೀರನ್ನು ಅಲ್ಲಿ ಉಳಿಸಿ ಅಡುಗೆಗೆ ಬಳಸಿ. ಮಳೆನೀರು ಹಿಡಿಯುವ ಅನುಕೂಲವಿದ್ದರೆ ಇನ್ನೂ ಒಳ್ಳೆಯದು, ಅದರಲ್ಲಿ ಫ್ಲೋರೈಡ್ ಇಲ್ಲವೆನ್ನುವಷ್ಟು ಕಡಿಮೆ.

ಹಲ್ಲಿನ ಕಲೆಯನ್ನು ಇದ್ದಿಲು, ಉಪ್ಪು ಹಾಕಿ ತಿಕ್ಕುವವರಿದ್ದಾರೆ. ಆ ಕಲೆ ಮೇಲೆ ಅಂಟಿದ್ದಲ್ಲ. ಸುಮಾರು 8 ವರ್ಷದೊಳಗೆ, ಹಲ್ಲು ಒಸಡಿನೊಳಗೆ ರೂಪುಗೊಳ್ಳುವಾಗಲೇ ಕೂತದ್ದು. ತಿಕ್ಕಿದರೆ ಸವೆಯುವುದು ಹಲ್ಲು. ಆದ್ದರಿಂದ ನೀರಿನ ಎಚ್ಚರಿಕೆ ಮೊದಲು ಬೇಕಾದದ್ದು ಚಿಕ್ಕ ಮಕ್ಕಳ ಮನೆಯಲ್ಲಿ, ಅಂಗನವಾಡಿಯಲ್ಲಿ.

ಘಟಕದ ನೀರನ್ನೂ ಕಣ್ಣುಮುಚ್ಚಿ ನಂಬುವಂತಿಲ್ಲ. ಲವಣಗಳನ್ನು ಸೋಸಿ ತೆಗೆಯುವ ಆರ್‌ಒ ಪೊರೆ ಹರಿದರೆ ಅಥವಾ ಸವೆದರೆ ಫ್ಲೋರೈಡ್ ನುಸುಳುತ್ತದೆ. ನೀರು ಮಾತ್ರ ತಿಳಿಯಾಗಿಯೇ ಕಾಣುತ್ತದೆ. ಹೀಗಾಗಿ ಒಳಬರುವ ನೀರು, ಹೊರಬರುವ ನೀರು ಎರಡನ್ನೂ ಪರೀಕ್ಷಿಸಬೇಕು. ಬೋರನ್ನು ಐದಾರು ನಿಮಿಷ ಓಡಿಸಿ, ಒಂದು ಲೀಟರಿನ ಪ್ಲಾಸ್ಟಿಕ್ ಬಾಟಲಿಯನ್ನು ಅದೇ ನೀರಿನಲ್ಲಿ ಮೂರು ಸಲ ತೊಳೆದು ತುಂಬಿ, ಜಾಗ ಮತ್ತು ದಿನಾಂಕ ಬರೆದು ಪ್ರಯೋಗಾಲಯಕ್ಕೆ ಕೊಡಿ. ಪರೀಕ್ಷಾ ಕಿಟ್ ಇರುವ ಪಂಚಾಯತಿಗಳಲ್ಲಿ ಊರಲ್ಲೇ ಅಂದಾಜು ಸಿಗುತ್ತದೆ: ಗುಲಾಬಿ ದ್ರಾವಣ ಹಳದಿಗೆ ತಿರುಗಿದಷ್ಟೂ ಫ್ಲೋರೈಡ್ ಹೆಚ್ಚು. ಪರೀಕ್ಷೆಯಲ್ಲಿ ಬಂದ ಅಂಕಿಯನ್ನು ದಿನಾಂಕದೊಂದಿಗೆ ಘಟಕದ ಗೋಡೆಯ ಮೇಲೆ ಬರೆಸುವಂತೆ ಪಂಚಾಯತಿಗಳು ಕ್ರಮ ಕೈಗೊಳ್ಳಲಿ.

— ನೀರಿನ ಗುಣಮಟ್ಟ ತಪಾಸಣೆಯಲ್ಲಿ ತೊಡಗಿರುವವರು, ಮುಂಡರಗಿ