ಕ್ಯಾಮೆರಾದವರ ಹೆಸರನ್ನೂ ಹಾಕಿ

ಮಾನ್ಯ ಸಂಪಾದಕರೇ,

‘ಮಾಲ್ಗುಡಿ ಡೇಸ್’ ಧಾರಾವಾಹಿಯ ಶೂಟಿಂಗ್ ನಡೆದ ಆಗುಂಬೆಯ ದೊಡ್ಡಮನೆ ಬಗ್ಗೆ ನಿಮ್ಮ ಭಾನುವಾರದ ಪುರವಣಿಯಲ್ಲಿ ಬಂದ ಬರಹ ಚೆನ್ನಾಗಿತ್ತು. ‘ಮಾಲ್ಗುಡಿ ಡೇಸ್’ ಅಂದಮೇಲೆ ನಿರ್ದೇಶಕ ಶಂಕರ್‌ನಾಗ್ ಇರಲೇಬೇಕು, ಇದ್ದರು. ಕಥೆ ಬರೆದ ಆರ್.ಕೆ. ನಾರಾಯಣ್, ಚಿತ್ರ ಬರೆದ ಆರ್.ಕೆ. ಲಕ್ಷ್ಮಣ್, ಸಂಗೀತದ ಎಲ್. ವೈದ್ಯನಾಥನ್ ಕೂಡ ಇದ್ದರು. ಕ್ಯಾಮೆರಾ ಎಸ್. ರಾಮಚಂದ್ರ ಅವರದ್ದು. ಆ ಹೆಸರು ಮಾತ್ರ ಎಲ್ಲೂ ಕಾಣಲಿಲ್ಲ.

ನಾನು ಉಡುಪಿಯಲ್ಲಿ ಫೋಟೋ ಸ್ಟುಡಿಯೋ ಇಟ್ಟಿದ್ದವನು. ಮದುವೆ, ಉಪನಯನ, ಪಾಸ್‌ಪೋರ್ಟ್ ಸೈಜು, ಇಷ್ಟೇ ನನ್ನ ಕಸುಬು. ಹಾಗಾಗಿ ಸಿನಿಮಾಕ್ಕೆ ಕೂತರೆ ಕಥೆಗಿಂತ ಮೊದಲು ಬೆಳಕು ಎಲ್ಲಿಂದ ಬಿತ್ತು ಅಂತ ಹುಡುಕುವ ಚಾಳಿ. ಮನೆಯವರಿಗೆ ಇದೊಂದು ಕಿರಿಕಿರಿ.

ಬಿ.ವಿ. ಕಾರಂತರ ‘ಚೋಮನ ದುಡಿ’ 1975ರದ್ದು. ಗಿರೀಶ ಕಾಸರವಳ್ಳಿಯವರ ಮೊದಲ ಸಿನಿಮಾ ‘ಘಟಶ್ರಾದ್ಧ’ 1977ರದ್ದು. ಎರಡಕ್ಕೂ ದೇಶದ ಅತ್ಯುತ್ತಮ ಚಿತ್ರಕ್ಕೆ ಕೊಡುವ ಸ್ವರ್ಣಕಮಲ ಬಂತು. ಎರಡಕ್ಕೂ ಕ್ಯಾಮೆರಾ ಹಿಡಿದವರು ಇದೇ ರಾಮಚಂದ್ರ. ಇಷ್ಟಾದರೂ ನಮ್ಮ ಕಡೆ ಸಿನಿಮಾ ಹುಚ್ಚಿನವರನ್ನು ಕೇಳಿದರೂ ‘ಯಾರು ಮಾರಾಯ್ರೆ ಅದು?’ ಅನ್ನುತ್ತಾರೆ.

ಹಳೇ ಹಂಚಿನ ಮನೆಯೊಳಗೆ ಫೋಟೋ ತೆಗೆದವರಿಗೆ ‘ಘಟಶ್ರಾದ್ಧ’ದ ಕೆಲಸ ಎಂಥದ್ದು ಅಂತ ಗೊತ್ತಾಗುತ್ತದೆ. ಅಂಗಳದಲ್ಲಿ ಕಣ್ಣು ಕುಕ್ಕುವ ಬಿಸಿಲು, ಚಾವಡಿ ದಾಟಿದರೆ ಹಗಲಲ್ಲೂ ಕತ್ತಲೆ. ಒಳಗಿರುವ ಮುಖಕ್ಕೆ ಕ್ಯಾಮೆರಾ ಸರಿಹೊಂದಿಸಿದರೆ ಬಾಗಿಲಾಚೆ ಇರುವುದೆಲ್ಲ ಬರೀ ಬಿಳಿ. ಅಂಗಳವನ್ನು ಉಳಿಸಿಕೊಂಡರೆ ಮುಖ ಮಸಿ. ನಾವಾದರೆ ಸುಮ್ನೆ ಫ್ಲಾಶ್ ಹೊಡೆದು ಮುಗಿಸುತ್ತಿದ್ದೆವು. ಅದರ ಮೇಲೆ ಇದು ಕಪ್ಪು ಬಿಳುಪು. ಗೋಡೆಯನ್ನೂ ಮನುಷ್ಯನನ್ನೂ ಬೇರೆ ಮಾಡಿ ತೋರಿಸಲು ಬಣ್ಣದ ಆಸರೆಯೂ ಇಲ್ಲ. ರಾಮಚಂದ್ರ ಆ ಕತ್ತಲನ್ನು ಓಡಿಸಲು ಹೋಗಲಿಲ್ಲ. ವೇದ ಕಲಿಯಲು ಬಂದ ಪುಟ್ಟ ಹುಡುಗ ನಾಣಿಯ ಕಣ್ಣಿಂದಲೇ ಕಥೆ ಕಾಣಬೇಕು ಅಲ್ವಾ? ಅವನಿಗೆ ಅರ್ಥವಾಗದ್ದು, ಅವನು ಹೆದರಿದ್ದು ಎಲ್ಲ ಆ ಕತ್ತಲಲ್ಲೇ ಇದೆ. ಮೂಲೆಮೂಲೆಗೂ ಲೈಟು ಬಿಟ್ಟಿದ್ದರೆ ಅದು ಬೇರೆಯೇ ಸಿನಿಮಾ ಆಗುತ್ತಿತ್ತು.

ಹಾಳಾಗುತ್ತಿದ್ದ ಈ ಸಿನಿಮಾವನ್ನು ಮತ್ತೆ ಸರಿಪಡಿಸಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ನೋಡಲು ರಾಮಚಂದ್ರ ಇರಲಿಲ್ಲ, 2011ರಲ್ಲೇ ತೀರಿಕೊಂಡಿದ್ದರು. ಅಷ್ಟು ಕಷ್ಟಪಟ್ಟು ಉಳಿಸಿದ್ದು ಅವರು ತೆಗೆದ ಚಿತ್ರವನ್ನೇ. ನಾನು ಓದಿದ ಸುದ್ದಿಗಳಲ್ಲಿ ಅವರ ಬಗ್ಗೆ ಒಂದು ಸಾಲೂ ಇರಲಿಲ್ಲ.

ಆಗುಂಬೆಯ ಕಷ್ಟ ಇನ್ನೊಂದು ಬಗೆ. ಘಾಟಿ ಮೇಲೆ ಮೋಡ ಬರುತ್ತದೆ, ಹೋಗುತ್ತದೆ. ಒಂದು ಶಾಟ್ ಬಿಸಿಲಲ್ಲಿ, ಮುಂದಿನದು ಮಬ್ಬಲ್ಲಿ. ಜೋಡಿಸಿದಾಗ ಎರಡೂ ಒಂದೇ ಹೊತ್ತು ಅನ್ನಿಸಬೇಕು. ‘ಮಾಲ್ಗುಡಿ’ ನೋಡುವಾಗ ನಮಗೆ ಇದ್ಯಾವುದೂ ತಲೆಗೆ ಬರುವುದಿಲ್ಲ. ಬರದ ಹಾಗೆ ಮಾಡುವುದೇ ಅವರ ಕೆಲಸ. ಅದಕ್ಕೇ ಹೆಸರೂ ಬಿಟ್ಟುಹೋಗುತ್ತದೋ ಏನೋ.

ನಮ್ಮದೇ ಕುಂದಾಪುರದ ಕಡೆಯ ‘ಗುಲಾಬಿ ಟಾಕೀಸ್’ 2008ರದ್ದು. ವೈದೇಹಿಯವರ ಕಥೆ, ಉಮಾಶ್ರೀಯವರಿಗೆ ರಾಷ್ಟ್ರಪ್ರಶಸ್ತಿ, ಕುಂದಾಪ್ರ ಕನ್ನಡ ಎಲ್ಲ ನಮಗೆ ಬಾಯಿಪಾಠ. ಅಲ್ಲೂ ಕ್ಯಾಮೆರಾ ಇವರದ್ದೇ. ಹೊಳೆ ಬದಿಯಲ್ಲಿ ನೀರು, ಮರಳು ಎರಡೂ ಬೆಳಕನ್ನು ವಾಪಸ್ ಎಸೆಯುತ್ತವೆ, ಬೆಳಕು ಅಳೆಯುವ ಮೀಟರ್ ನಂಬಿ ಕೂತರೆ ಮುಖ ಕಪ್ಪಾಗುತ್ತದೆ. ನನ್ನ ಎಷ್ಟೋ ರೋಲು ಮಲ್ಪೆಯಲ್ಲಿ ಹೀಗೇ ಹಾಳಾಗಿವೆ.

ನನ್ನ ಕೋರಿಕೆ ಸಣ್ಣದು. ನಿಮ್ಮ ಸಿನಿಮಾ ವಿಮರ್ಶೆಯ ಮೇಲೆ ಒಂದು ಬಾಕ್ಸ್ ಇರುತ್ತದೆ. ನಿರ್ದೇಶನ, ನಿರ್ಮಾಣ, ತಾರಾಗಣ. ಅಲ್ಲಿ ಛಾಯಾಗ್ರಹಣ ಅಂತ ಇನ್ನೊಂದು ಸಾಲು ಸೇರಿಸಿ. ತುಳು ಸಿನಿಮಾಗಳಿಗೂ ಹಾಕಿ, ನಮ್ಮ ಹುಡುಗರೇ ಜಾಸ್ತಿ ಇದ್ದಾರೆ ಅಲ್ಲಿ.

ಪುರವಣಿಯಲ್ಲಿ ತಿದ್ದುಪಡಿ ಹಾಕುವುದಾದರೆ ದಯವಿಟ್ಟು ‘ಎಸ್.’ ಅನ್ನುವ ಇನಿಶಿಯಲ್ ಬಿಡಬೇಡಿ. ‘ದ್ವೀಪ’ದ ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿ ಪಡೆದ ಎಚ್.ಎಂ. ರಾಮಚಂದ್ರ ಬೇರೆಯವರು. ಇಬ್ಬರೂ ಕಾಸರವಳ್ಳಿಯವರ ಜೊತೆ ಕೆಲಸ ಮಾಡಿದವರು, ಒಬ್ಬರ ಸಿನಿಮಾ ಇನ್ನೊಬ್ಬರ ಖಾತೆಗೆ ಹೋಗುವುದು ಬೇಡ.

– ಹಳೇ ಸ್ಟುಡಿಯೋ ಫೋಟೋಗ್ರಾಫರ್, ಕುಂಜಿಬೆಟ್ಟು, ಉಡುಪಿ